ಅಪೊಸ್ತಲರ ಅಧಿಕಾರ: ಅದರ ಸ್ವರೂಪ ಮತ್ತು ಮಿತಿ

ಯಾವ ಧರ್ಮದ ಚರಿತ್ರೆಯನ್ನು ತೆಗೆದುಕೊಂಡರೂ ಅದರಲ್ಲಿ ಒಂದು ಕಠಿನವಾದ ಗಳಿಗೆ ಬರುತ್ತದೆ. ಗುರುವು ಕಣ್ಮರೆಯಾಗಿದ್ದಾನೆ; ಶಿಷ್ಯರು ಉಳಿದಿದ್ದಾರೆ. ಗುರುವಿನ ಮಾತು ಇಂಥದೇ ಎಂದು ಹೇಳುವ ಹಕ್ಕು ಇನ್ನು ಯಾರದು? ಶಿಷ್ಯರಲ್ಲಿಯೇ ಇಬ್ಬರು ಎರಡು ಬಗೆಯಾಗಿ ನಡೆದರೆ ಯಾರ ನಡತೆಯನ್ನು ಪ್ರಮಾಣವೆಂದು ಹಿಡಿಯಬೇಕು? ಆ ಶಿಷ್ಯರೂ ತೀರಿಕೊಂಡ ಮೇಲೆ ಅವರ ಅಧಿಕಾರ ಯಾರ ಕೈಗೆ ಸೇರುತ್ತದೆ? ಕ್ರೈಸ್ತ ಸಭೆಯು ಈ ಪ್ರಶ್ನೆಗಳನ್ನು ತನ್ನ ಮೊದಲನೆಯ ತಲೆಮಾರಿನಲ್ಲಿಯೇ ಎದುರಿಸಬೇಕಾಯಿತು. ಅದಕ್ಕೆ ಅದು ಕಂಡುಕೊಂಡ ಉತ್ತರವನ್ನು ಒಂದೇ ಮಾತಿನಲ್ಲಿ ಹೇಳುವುದಾದರೆ ‘ಅಪೊಸ್ತಲರ ಅಧಿಕಾರ’ ಎನ್ನಬೇಕು.

ಈ ಅಧಿಕಾರದ ಹೆಸರಿನಲ್ಲಿ ಸಭೆಗಳು ಕಟ್ಟಿಕೊಂಡಿವೆ. ಅದೇ ಹೆಸರಿನಲ್ಲಿ ಒಡೆದೂ ಇವೆ. ಆದುದರಿಂದ ಇದು ಕ್ರೈಸ್ತರ ಮನೆಯೊಳಗಿನ ವಿಚಾರವೆಂದು ಚರಿತ್ರೆಯ ವಿದ್ಯಾರ್ಥಿ ಸುಮ್ಮನಿರುವಂತಿಲ್ಲ. ದೇವರ ಹೆಸರಿನಲ್ಲಿ ಮಾತನಾಡುವ ಮನುಷ್ಯನನ್ನು ‘ನಿಲ್ಲು’ ಎನ್ನತಕ್ಕವರು ಯಾರು ಎಂಬುದು ಎಲ್ಲ ಸಮಾಜಗಳಿಗೂ ಸಂಬಂಧಿಸಿದ ಪ್ರಶ್ನೆ. ಕ್ರೈಸ್ತ ಸಭೆಯ ಮೊದಲ ದಾಖಲೆಗಳನ್ನು ಓದಿದರೆ ಒಂದು ಸಂಗತಿ ಸ್ಪಷ್ಟವಾಗುತ್ತದೆ. ಈ ಅಧಿಕಾರಕ್ಕೆ ಹೊರಗಿನವರು ಯಾರೋ ಬಂದು ಬೇಲಿ ಹಾಕಲಿಲ್ಲ. ಅದು ಯಾವ ಬಗೆಯ ಅಧಿಕಾರವೋ ಆ ಬಗೆಯಲ್ಲಿಯೇ ಅದರ ಮಿತಿಯೂ ಅಡಗಿತ್ತು. ಇದನ್ನು ಸ್ಥೂಲವಾಗಿ ತೋರಿಸುವುದೇ ಈ ಲೇಖನದ ಉದ್ದೇಶ.

೧. ಪದದ ಅರ್ಥ

‘ಅಪೊಸ್ತಲ’ ಎಂಬುದು ಗ್ರೀಕ್ ಭಾಷೆಯ ‘ಅಪೊಸ್ತೊಲೊಸ್’ ಎಂಬ ಪದದಿಂದ ಬಂದದ್ದು. ‘ಕಳುಹಿಸು’ ಎಂಬ ಅರ್ಥದ ಧಾತುವಿನಿಂದ ಹುಟ್ಟಿದ ಈ ಪದವನ್ನು ಹಳೆಯ ಗ್ರೀಕರು ಹೆಚ್ಚಾಗಿ ಸಮುದ್ರಯಾನಕ್ಕೆ ಕಳುಹಿಸಿದ ಹಡಗುಪಡೆಗೆ ಬಳಸುತ್ತಿದ್ದರು. ಕ್ರೈಸ್ತರ ಕೈಯಲ್ಲಿ ಅದು ಕಳುಹಿಸಲ್ಪಟ್ಟ ಮನುಷ್ಯ ಎಂಬ ಅರ್ಥವನ್ನು ಪಡೆಯಿತು. ಕನ್ನಡದಲ್ಲಿ ಪ್ರೊಟೆಸ್ಟೆಂಟ್ ಕ್ರೈಸ್ತರು ಗ್ರೀಕ್ ಪದವನ್ನೇ ಉಳಿಸಿಕೊಂಡು ‘ಅಪೊಸ್ತಲ’ ಎನ್ನುತ್ತಾರೆ. ಕಥೋಲಿಕರು ‘ಪ್ರೇಷಿತ’ ಎನ್ನುತ್ತಾರೆ. ಎರಡರ ಭಾವವೂ ಒಂದೇ.

ಯಹೂದ್ಯರ ಧರ್ಮಶಾಸ್ತ್ರದಲ್ಲಿಯೂ ಇಂಥ ಒಬ್ಬ ನಿಯೋಗಿಯುಂಟು. ಅವನಿಗೆ ‘ಶಾಲಿಯಾಹ್’ ಎಂದು ಹೆಸರು. ಒಬ್ಬನ ಪರವಾಗಿ ಸರಕು ಕೊಳ್ಳುವುದು, ವಿವಾಹವನ್ನು ನಿಶ್ಚಯಿಸುವುದು, ವಿಚ್ಛೇದನದ ಪತ್ರವನ್ನು ತಲುಪಿಸುವುದು ಇವೆಲ್ಲವನ್ನೂ ಅವನು ಮಾಡಬಹುದಾಗಿತ್ತು. ಅವನು ಮಾಡಿದ್ದು ಕಳುಹಿಸಿದವನೇ ಮಾಡಿದಂತೆ ಎಂಬುದು ನಿಯಮ. ಆದರೆ ಒಪ್ಪಿಸಿದ ಕೆಲಸವನ್ನು ಮೀರಿ ನಡೆದರೆ ಆ ಕೃತ್ಯ ಕಳುಹಿಸಿದವನನ್ನು ಕಟ್ಟುತ್ತಿರಲಿಲ್ಲ. ಕ್ರೈಸ್ತರ ಅಪೊಸ್ತಲ ಪದವಿಯು ನೇರವಾಗಿ ಈ ಪದ್ಧತಿಯಿಂದಲೇ ಬಂದಿತೆ ಎಂಬ ವಿಷಯದಲ್ಲಿ ವಿದ್ವಾಂಸರಿಗೆ ಏಕಾಭಿಪ್ರಾಯವಿಲ್ಲ. ಆದರೂ ಹೋಲಿಕೆ ನಮ್ಮ ವಿಷಯಕ್ಕೆ ಉಪಯುಕ್ತವಾಗಿದೆ.

ನಮ್ಮ ನಾಡಿನ ಓಲೆಕಾರನನ್ನು ನೆನೆದರೂ ಸಾಕು. ಅರಸನ ಓಲೆಯನ್ನು ಹೊತ್ತು ಬಂದವನು ಬಡವನಾಗಿದ್ದರೂ ಅವನ ಮುಂದೆ ದೊಡ್ಡವರು ಎದ್ದು ನಿಲ್ಲಬೇಕು. ಅವನನ್ನು ಅವಮಾನಿಸಿದರೆ ಅರಸನನ್ನು ಅವಮಾನಿಸಿದಂತೆ. ಆದರೆ ಓಲೆಯಲ್ಲಿ ಒಂದಕ್ಷರವನ್ನು ತಿದ್ದುವ ಹಕ್ಕು ಅವನಿಗಿಲ್ಲ. ತಿದ್ದಿದ ಕ್ಷಣವೇ ಅವನ ಗೌರವವೂ ಹೋಯಿತು, ರಕ್ಷಣೆಯೂ ಹೋಯಿತು. ಅವನ ಹಿರಿಮೆಗೂ ಕಟ್ಟುಪಾಡಿಗೂ ಕಾರಣ ಒಂದೇ: ಓಲೆ ಅವನದಲ್ಲ. ಅಪೊಸ್ತಲರ ಅಧಿಕಾರದ ಗುಟ್ಟು ಇಲ್ಲಿದೆ.

೨. ಹನ್ನೆರಡು ಮಂದಿ ಮತ್ತು ಇತರರು

ಯೇಸುವು ಆರಿಸಿಕೊಂಡ ಶಿಷ್ಯರು ಹನ್ನೆರಡು ಮಂದಿ. ಇಸ್ರಾಯೇಲಿನ ಹನ್ನೆರಡು ಕುಲಗಳಿಗೆ ಈ ಸಂಖ್ಯೆ ಸಂಕೇತ. ಯೂದ ಇಸ್ಕರಿಯೋತನ ದ್ರೋಹದಿಂದ ಒಂದು ಸ್ಥಾನ ತೆರವಾಯಿತು. ಅದನ್ನು ತುಂಬಿದ ಬಗೆಯನ್ನು ‘ಅಪೊಸ್ತಲರ ಕೃತ್ಯಗಳು’ ಎಂಬ ಗ್ರಂಥ ಮೊದಲನೆಯ ಅಧ್ಯಾಯದಲ್ಲಿಯೇ ವಿವರಿಸುತ್ತದೆ. ಸುಮಾರು ೧೨೦ ಮಂದಿ ಕೂಡಿದ್ದ ಸಭೆಯಲ್ಲಿ ಪೇತ್ರನು ವಿಷಯವನ್ನು ಎತ್ತುತ್ತಾನೆ. ಹೊಸಬನಿಗೆ ಇರಬೇಕಾದ ಯೋಗ್ಯತೆಯನ್ನೂ ಅವನೇ ಹೇಳುತ್ತಾನೆ: ಯೋಹಾನನ ದೀಕ್ಷಾಸ್ನಾನದ ಕಾಲದಿಂದ ಅವನು ತಮ್ಮ ಸಂಗಡ ಇದ್ದವನಾಗಿರಬೇಕು, ಯೇಸುವಿನ ಪುನರುತ್ಥಾನಕ್ಕೆ ಸಾಕ್ಷಿಯಾಗತಕ್ಕವನಾಗಿರಬೇಕು. ಇಬ್ಬರ ಹೆಸರು ಮುಂದೆ ಬರುತ್ತದೆ, ಚೀಟಿ ಹಾಕುತ್ತಾರೆ, ಮತ್ತೀಯನ ಪಾಲಿಗೆ ಬರುತ್ತದೆ. ಇಲ್ಲಿ ಗಮನಿಸತಕ್ಕ ಅಂಶವೆಂದರೆ, ಪೇತ್ರನು ತನ್ನ ಇಷ್ಟದಂತೆ ಯಾರನ್ನೂ ನೇಮಿಸಲಿಲ್ಲ. ಅಪೊಸ್ತಲನನ್ನು ಮಾಡುವ ಶಕ್ತಿ ಅಪೊಸ್ತಲರಲ್ಲಿ ಇರಲಿಲ್ಲ.

ಇದಾದ ಕೆಲವು ವರ್ಷಗಳಲ್ಲಿ ಜೆಬೆದಾಯನ ಮಗನಾದ ಯಾಕೋಬನನ್ನು ಒಂದನೆಯ ಹೆರೋದ ಅಗ್ರಿಪ್ಪನು ಕತ್ತಿಯಿಂದ ಕೊಲ್ಲಿಸಿದನು. ಆ ಅರಸನು ಕ್ರಿ. ಶ. ೪೪ರಲ್ಲಿ ಸತ್ತುದರಿಂದ ಈ ಕೊಲೆ ಅದಕ್ಕೆ ಸ್ವಲ್ಪ ಮುಂಚೆ ನಡೆದಿರಬೇಕು. ಹನ್ನೆರಡರಲ್ಲಿ ಮತ್ತೆ ಒಂದು ಸ್ಥಾನ ತೆರವಾಯಿತು. ಆದರೆ ಈ ಸಲ ಅದನ್ನು ತುಂಬಿದ ಸುದ್ದಿ ಎಲ್ಲಿಯೂ ಇಲ್ಲ. ಯೂದನು ತನ್ನ ಕೆಲಸವನ್ನು ಬಿಟ್ಟು ಹೋದವನು. ಯಾಕೋಬನು ಕೆಲಸವನ್ನು ಮುಗಿಸಿ ಹೋದವನು. ಸಾಕ್ಷಿಯು ಸತ್ತರೂ ಕೊಟ್ಟ ಸಾಕ್ಷ್ಯ ಸಾಯುವುದಿಲ್ಲವಷ್ಟೆ? ಹನ್ನೆರಡು ಮಂದಿಯ ಪದವಿ ತಲೆಮಾರಿನಿಂದ ತಲೆಮಾರಿಗೆ ಇಳಿಯುವ ಪಟ್ಟವಾಗಿರಲಿಲ್ಲವೆಂಬುದಕ್ಕೆ ಇದೊಂದು ಗುರುತು.

ಹೀಗಿದ್ದರೂ ಅಪೊಸ್ತಲ ಎಂಬ ಹೆಸರು ಈ ಹನ್ನೆರಡು ಮಂದಿಗೇ ಮುಡಿಪಾಗಿರಲಿಲ್ಲ. ಪೌಲನಿಗೂ ಬಾರ್ನಬನಿಗೂ ಆ ಹೆಸರುಂಟು. ಯೇಸುವಿನ ಸಹೋದರನಾದ ಯಾಕೋಬನನ್ನು ಪೌಲನು ಅಪೊಸ್ತಲರ ಸಾಲಿನಲ್ಲಿ ಎಣಿಸುತ್ತಾನೆ. ರೋಮಾಪುರದವರಿಗೆ ಬರೆದ ಪತ್ರದ ಕೊನೆಯಲ್ಲಿ ಅಂದ್ರೋನಿಕ ಮತ್ತು ಯೂನ್ಯ ಎಂಬ ಇಬ್ಬರನ್ನು ಅಪೊಸ್ತಲರ ಪ್ರಸ್ತಾಪದೊಡನೆಯೇ ಹೊಗಳುತ್ತಾನೆ. ಈ ಯೂನ್ಯಳು ಹೆಂಗಸೆಂದೂ ಅಪೊಸ್ತಲಳೆಂಬ ಹೆಸರಿಗೆ ಯೋಗ್ಯಳೆಂದೂ ನಾಲ್ಕನೆಯ ಶತಮಾನದ ಯೋಹಾನ ಕ್ರಿಸೊಸ್ತೊಮನು ವ್ಯಾಖ್ಯಾನಿಸಿದ್ದಾನೆ. ಮುಂದೆ ಅನೇಕ ಭಾಷಾಂತರಕಾರರು ಆಕೆಯನ್ನು ಗಂಡಸನ್ನಾಗಿ ಮಾಡಿದರು. ಫಿಲಿಪ್ಪಿ ಪಟ್ಟಣದವರ ಕಾಣಿಕೆಯನ್ನು ಪೌಲನಿಗೆ ತಂದುಕೊಟ್ಟ ಎಪಫ್ರೊದೀತನಿಗೂ ಇದೇ ಪದ ಸಲ್ಲುತ್ತದೆ. ಅಲ್ಲಿ ಸಭೆಯವರು ಕಳುಹಿಸಿದ ಆಳು ಎಂದಷ್ಟೇ ಅರ್ಥ. ಅಂದಮೇಲೆ ಯಾರು ಕಳುಹಿಸಿದರು, ಏನನ್ನು ಒಪ್ಪಿಸಿ ಕಳುಹಿಸಿದರು ಎಂಬುದರ ಮೇಲೆ ಅಧಿಕಾರದ ತೂಕ ನಿಲ್ಲುತ್ತಿತ್ತು.

೩. ಪೌಲನು ಹೂಡಿದ ವಾದ

ಪೌಲನು ಹನ್ನೆರಡು ಮಂದಿಯಲ್ಲಿ ಸೇರಿದವನಲ್ಲ. ಯೇಸುವಿನ ಸಂಗಡ ತಿರುಗಾಡಿದವನೂ ಅಲ್ಲ. ಮೊದಲು ಸಭೆಯನ್ನು ಹಿಂಸಿಸಿದವನು. ಆದುದರಿಂದ ಅವನ ಹಕ್ಕನ್ನು ಪ್ರಶ್ನಿಸುವವರು ಹೋದಲ್ಲೆಲ್ಲ ಇದ್ದರು. ನಮಗೆ ಇದರಿಂದ ಲಾಭವೇ ಆಗಿದೆ. ಪ್ರಶ್ನೆ ಇಲ್ಲದ ಅಧಿಕಾರ ತನ್ನ ಕಾರಣವನ್ನು ಹೇಳಿಕೊಳ್ಳುವುದಿಲ್ಲ. ಪೌಲನು ಹೇಳಿಕೊಳ್ಳಲೇಬೇಕಾಯಿತು. ಅವನ ಹೆಸರಿನಲ್ಲಿರುವ ಪತ್ರಗಳಲ್ಲಿ ಏಳು ನಿಶ್ಚಯವಾಗಿ ಅವನವೇ ಎಂದು ವಿದ್ವಾಂಸರು ಬಹುಮಟ್ಟಿಗೆ ಒಪ್ಪುತ್ತಾರೆ. ಕ್ರಿ. ಶ. ೫೦ರಿಂದ ೬೦ರವರೆಗಿನ ಸುಮಾರಿನಲ್ಲಿ ಬರೆದ ಈ ಪತ್ರಗಳೇ ನಮಗಿರುವ ಅತ್ಯಂತ ಹಳೆಯ ಕ್ರೈಸ್ತ ದಾಖಲೆಗಳು.

ಅವನು ಮುಂದಿಡುವ ಆಧಾರಗಳು ಮುಖ್ಯವಾಗಿ ಮೂರು. ಒಂದು, ತಾನು ಕರ್ತನನ್ನು ಕಂಡಿದ್ದೇನೆ. ತನ್ನನ್ನು ಕಳುಹಿಸಿದವನು ಮನುಷ್ಯನಲ್ಲ. ಎರಡು, ತನ್ನ ಸುವಾರ್ತೆಯನ್ನು ಯೆರೂಸಲೇಮಿನ ಮುಖಂಡರ ಮುಂದೆ ಇಟ್ಟು ನೋಡಿದ್ದೇನೆ. ಅವರು ಒಪ್ಪಿ ಬಲಗೈ ಕೊಟ್ಟಿದ್ದಾರೆ. ಮೂರು, ತಾನು ನೆಟ್ಟ ಸಭೆಗಳೇ ತನ್ನ ಮುದ್ರೆ. ಈ ಮೂರನೆಯದು ವಿಶೇಷವಾದುದು. ಬೇರೆ ಬೋಧಕರು ಶಿಫಾರಸು ಪತ್ರಗಳನ್ನು ಹಿಡಿದು ಕೊರಿಂಥಕ್ಕೆ ಬಂದಾಗ, ತನಗೆ ಪತ್ರವೇಕೆ, ನೀವೇ ನನ್ನ ಪತ್ರ ಎಂಬ ಭಾವದಲ್ಲಿ ಅವನು ಆ ಊರಿನವರಿಗೆ ಬರೆಯುತ್ತಾನೆ. ಫಲವನ್ನು ನೋಡಿ ಮರವನ್ನು ತಿಳಿಯಿರಿ ಎಂದಂತಾಯಿತು. ತನ್ನ ಅಧಿಕಾರವನ್ನು ಕೇಳುವವರ ಕಣ್ಣೆದುರಿನ ಪರೀಕ್ಷೆಗೆ ಒಡ್ಡಿದ ಮಾತು ಇದು.

ಪೌಲನು ಸೌಮ್ಯನಾಗಿಯೇ ಇರುತ್ತಿದ್ದನೆಂದು ಹೇಳಲಾಗದು. ಬೆತ್ತ ಹಿಡಿದು ಬರಲೋ ಎಂದು ಕೊರಿಂಥದವರನ್ನು ಕೇಳಿದವನು ಅವನು. ಗಲಾತ್ಯದವರಿಗೆ ಬರೆದಾಗ ಎದುರಾಳಿಗಳ ಬಗ್ಗೆ ಅವನು ಆಡಿದ ಮಾತು ಮೃದುವಾದುದಲ್ಲ. ಸಭೆಗೆ ಅವನು ಆಜ್ಞೆ ಕೊಡುತ್ತಾನೆ, ಗದರಿಸುತ್ತಾನೆ, ದುರ್ನಡತೆಯವನನ್ನು ಹೊರಗೆ ಹಾಕಿರೆಂದು ವಿಧಿಸುತ್ತಾನೆ. ಅಧಿಕಾರ ನಿಜವಾದ ಅಧಿಕಾರವೇ. ಹೀಗಿರಲಾಗಿ ಅದರ ಮಿತಿಗಳನ್ನು ಅವನೇ ಎಣಿಸಿ ತೋರಿಸಿದ್ದಾನೆಂಬುದು ಇನ್ನೂ ಹೆಚ್ಚಿನ ಮಹತ್ವದ ವಿಷಯ.

೪. ನಾಲ್ಕು ಮಿತಿಗಳು

ಮೊದಲನೆಯ ಮಿತಿ, ಸುವಾರ್ತೆಯು ಸುವಾರ್ತಿಕನಿಗಿಂತ ದೊಡ್ಡದು ಎಂಬುದು. ಗಲಾತ್ಯದವರಿಗೆ ಬರೆದ ಪತ್ರದ ಆರಂಭದಲ್ಲಿಯೇ, ನಿಮಗೆ ಮೊದಲು ಸಾರಿದ್ದಕ್ಕಿಂತ ಬೇರೆಯಾದುದನ್ನು ಯಾರು ಸಾರಿದರೂ ಅವನು ಶಾಪಗ್ರಸ್ತನೆಂದು ಪೌಲನು ಹೇಳುತ್ತಾನೆ. ಆ ‘ಯಾರು’ ಎಂಬುದರಲ್ಲಿ ಪರಲೋಕದ ದೂತನನ್ನು ಸೇರಿಸುತ್ತಾನೆ, ತನ್ನನ್ನೂ ಸೇರಿಸುತ್ತಾನೆ. ನಾಳೆ ಪೌಲನೇ ಬಂದು ಮಾತು ಬದಲಿಸಿದರೆ ಪೌಲನನ್ನು ಕೇಳಬೇಡಿರಿ ಎಂದು ಪೌಲನ ಅಪ್ಪಣೆ. ಇದಕ್ಕಿಂತ ಸ್ಪಷ್ಟವಾದ ಮಿತಿ ಇನ್ನೇನು ಬೇಕು? ಲುಸ್ತ್ರ ಪಟ್ಟಣದ ಜನರು ಪೌಲ ಬಾರ್ನಬರನ್ನು ದೇವರುಗಳೆಂದು ತಿಳಿದು ಬಲಿಕೊಡಲು ಎತ್ತುಗಳನ್ನು ತಂದಾಗ, ಅವರಿಬ್ಬರೂ ಬಟ್ಟೆ ಹರಿದುಕೊಂಡು ತಾವೂ ಮನುಷ್ಯರೇ ಎಂದು ಕೂಗಿದ ಕಥೆಯೂ ಇದನ್ನೇ ಸಾರುತ್ತದೆ.

ಈ ಮಿತಿಯ ಪರೀಕ್ಷೆ ಅಂತಿಯೋಕ್ಯದಲ್ಲಿ ನಡೆಯಿತು. ಅಲ್ಲಿ ಯಹೂದ್ಯ ಕ್ರೈಸ್ತರೂ ಅನ್ಯಜನಾಂಗದಿಂದ ಬಂದ ಕ್ರೈಸ್ತರೂ ಒಂದೇ ಪಂಕ್ತಿಯಲ್ಲಿ ಊಟ ಮಾಡುತ್ತಿದ್ದರು. ಪೇತ್ರನೂ ಅವರೊಡನೆ ಕುಳಿತು ಉಣ್ಣುತ್ತಿದ್ದನು. ಯೆರೂಸಲೇಮಿನಲ್ಲಿದ್ದ ಯಾಕೋಬನ ಕಡೆಯಿಂದ ಕೆಲವರು ಬಂದೊಡನೆ ಅವನು ಅಂಜಿ ಹಿಂದೆಗೆದನು; ಪಂಕ್ತಿಯನ್ನು ಬಿಟ್ಟನು. ಉಳಿದ ಯಹೂದ್ಯರೂ, ಕೊನೆಗೆ ಬಾರ್ನಬನೂ ಅವನನ್ನು ಅನುಸರಿಸಿದರು. ಪೌಲನು ಎಲ್ಲರ ಮುಂದೆ ಪೇತ್ರನನ್ನು ಮುಖಾಮುಖಿಯಾಗಿ ಆಕ್ಷೇಪಿಸಿದನು. ಪಂಕ್ತಿಭೇದವೆಂದರೆ ಏನೆಂಬುದನ್ನು ನಮ್ಮ ದೇಶದವರಿಗೆ ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ಊಟದಿಂದ ಎದ್ದುಹೋಗುವುದೆಂದರೆ ಎದುರಿಗಿರುವವನು ಕೀಳೆಂದು ಬಾಯಿ ತೆರೆಯದೆ ಹೇಳುವುದು. ಪೇತ್ರನು ಬೋಧನೆಯಲ್ಲಿ ಒಂದು ಮಾತನ್ನೂ ಬದಲಿಸಿರಲಿಲ್ಲ. ಆದರೆ ನಡತೆಯಿಂದ ಸುವಾರ್ತೆಯನ್ನು ಬದಲಿಸಿದನೆಂಬುದು ಪೌಲನ ಆಕ್ಷೇಪ. ಪೇತ್ರನು ಏನು ಉತ್ತರ ಕೊಟ್ಟನೆಂಬುದನ್ನು ಪತ್ರ ತಿಳಿಸುವುದಿಲ್ಲ.

ಎರಡನೆಯ ಮಿತಿ, ಕರ್ತನ ಮಾತಿಗೂ ತನ್ನ ಅಭಿಪ್ರಾಯಕ್ಕೂ ನಡುವೆ ಗೆರೆ ಎಳೆಯುವುದು. ವಿವಾಹದ ವಿಷಯದಲ್ಲಿ ಕೊರಿಂಥದವರಿಗೆ ಉತ್ತರ ಬರೆಯುವಾಗ ಪೌಲನು, ವಿಚ್ಛೇದನ ಕೂಡದೆಂಬುದು ಕರ್ತನ ಆಜ್ಞೆ ಎನ್ನುತ್ತಾನೆ. ಮುಂದಿನ ಸಂಗತಿಯನ್ನು ತಾನು ಹೇಳುತ್ತಿರುವುದಾಗಿಯೂ ಅದು ಕರ್ತನ ಮಾತಲ್ಲವೆಂದೂ ತಿಳಿಸುತ್ತಾನೆ. ಮದುವೆಯಾಗದವರ ವಿಷಯಕ್ಕೆ ಬಂದಾಗ, ತನಗೆ ಯಾವ ಆಜ್ಞೆಯೂ ಇಲ್ಲ, ನಂಬತಕ್ಕವನೆಂದು ತನ್ನ ಅಭಿಪ್ರಾಯವನ್ನು ಕೊಡುತ್ತೇನೆ ಎಂದು ಬರೆಯುತ್ತಾನೆ. ಎಲ್ಲವನ್ನೂ ದೇವರ ಆಜ್ಞೆ ಎಂದುಬಿಟ್ಟಿದ್ದರೆ ಕೇಳುವವರು ಯಾರೂ ಇರಲಿಲ್ಲ. ಆ ಪ್ರಲೋಭನೆಗೆ ಅವನು ಒಳಗಾಗಲಿಲ್ಲ.

ಮೂರನೆಯ ಮಿತಿ, ಸಭೆಯ ಒಪ್ಪಿಗೆ. ಯೆರೂಸಲೇಮಿನಲ್ಲಿ ವಿಧವೆಯರಿಗೆ ಆಹಾರ ಹಂಚುವ ವಿಷಯದಲ್ಲಿ ಗೊಣಗಾಟವೆದ್ದಾಗ, ಏಳು ಮಂದಿಯನ್ನು ಆರಿಸಿರೆಂದು ಅಪೊಸ್ತಲರು ಜನರಿಗೇ ಹೇಳಿದರು. ಜನರು ಆರಿಸಿದವರ ಮೇಲೆ ತಾವು ಕೈಯಿಟ್ಟರು. ಪೇತ್ರನು ಕೊರ್ನೇಲ್ಯನೆಂಬ ರೋಮನ್ ಶತಾಧಿಪತಿಯ ಮನೆಯಲ್ಲಿ ಉಂಡು ಬಂದಾಗ ಯೆರೂಸಲೇಮಿನವರು ಅವನನ್ನು ಆಕ್ಷೇಪಿಸಿದರು. ನಾನು ಅಪೊಸ್ತಲ, ನನ್ನನ್ನು ಕೇಳುವವರು ನೀವಾರು ಎನ್ನದೆ ಅವನು ನಡೆದುದನ್ನು ಮೊದಲಿನಿಂದ ಕ್ರಮವಾಗಿ ವಿವರಿಸಿದನು. ಕ್ರಿ. ಶ. ೪೯ರ ಸುಮಾರಿನಲ್ಲಿ, ಅನ್ಯಜನರು ಸುನ್ನತಿ ಮಾಡಿಸಿಕೊಳ್ಳಬೇಕೆ ಬೇಡವೆ ಎಂಬ ಮಹಾಪ್ರಶ್ನೆ ಬಂದಾಗ ಅಪೊಸ್ತಲರು ಹಿರಿಯರೊಡನೆ ಕುಳಿತು ವಾದವಿವಾದ ನಡೆಸಿದರು. ತೀರ್ಮಾನ ಹೊರಟದ್ದು ಇಡೀ ಸಭೆಯ ಸಮ್ಮತಿಯೊಡನೆ. ಬೆರೋಯದ ಯಹೂದ್ಯರು ಪೌಲನ ಮಾತನ್ನು ದಿನದಿನವೂ ಶಾಸ್ತ್ರದೊಡನೆ ಹೋಲಿಸಿ ನೋಡಿದರೆಂದು ಗ್ರಂಥಕರ್ತನು ಬರೆಯುವಾಗ ಅವರನ್ನು ಸಜ್ಜನರೆಂದು ಹೊಗಳುತ್ತಾನೆ, ಸಂಶಯಾತ್ಮರೆಂದು ಹಳಿಯುವುದಿಲ್ಲ.

ನಾಲ್ಕನೆಯ ಮಿತಿ, ಅಧಿಕಾರದ ಉದ್ದೇಶ. ಕರ್ತನು ತನಗೆ ಅಧಿಕಾರ ಕೊಟ್ಟದ್ದು ಕಟ್ಟುವುದಕ್ಕೆ, ಕೆಡವುವುದಕ್ಕಲ್ಲ ಎಂಬ ಭಾವವನ್ನು ಪೌಲನು ಕೊರಿಂಥದವರಿಗೆ ಬರೆದ ಎರಡನೆಯ ಪತ್ರದಲ್ಲಿ ಎರಡು ಸಲ ಹೇಳಿದ್ದಾನೆ. ಸಭೆಯಿಂದ ಅನ್ನವಸ್ತ್ರ ಪಡೆಯುವ ಹಕ್ಕು ತನಗಿದೆಯೆಂದು ಸಾಧಿಸಿ, ಆ ಹಕ್ಕನ್ನು ಕೊರಿಂಥದಲ್ಲಿ ಬಳಸದೆ ಸ್ವಂತ ಕೈಯಿಂದ ದುಡಿದನು. ಓಡಿಹೋದ ಒನೇಸಿಮನ ವಿಷಯದಲ್ಲಿ ಅವನ ಒಡೆಯನಾದ ಫಿಲೆಮೋನನಿಗೆ ಬರೆಯುವಾಗ, ಆಜ್ಞಾಪಿಸಬಲ್ಲೆನಾದರೂ ಪ್ರೀತಿಯಿಂದ ಬೇಡುತ್ತೇನೆ ಎನ್ನುತ್ತಾನೆ. ಕೈಯಿಟ್ಟು ಪವಿತ್ರಾತ್ಮನನ್ನು ಕೊಡುವ ಶಕ್ತಿಯನ್ನು ಹಣಕ್ಕೆ ಕೇಳಿದ ಸಮಾರ್ಯದ ಸೀಮೋನನನ್ನು ಪೇತ್ರನು ಛೀಮಾರಿ ಹಾಕಿದ ಕಥೆ ಪ್ರಸಿದ್ಧವಾದುದು. ಧರ್ಮಾಧಿಕಾರವನ್ನು ಕೊಳ್ಳುವ ಪಾಪಕ್ಕೆ ಯೂರೋಪಿನ ಭಾಷೆಗಳಲ್ಲಿ ಇಂದಿಗೂ ಆ ಸೀಮೋನನ ಹೆಸರೇ ಇದೆ.

೫. ಅಪೊಸ್ತಲರ ಅನಂತರ

ಮೊದಲ ಶತಮಾನ ಮುಗಿಯುತ್ತ ಬಂದಂತೆ ಕಂಡವರು ಹೋದರು, ಕೇಳಿದವರು ಉಳಿದರು. ಆಗಲೂ ಅಪೊಸ್ತಲರೆಂದು ಹೇಳಿಕೊಂಡು ಊರೂರು ಅಲೆಯುವವರು ಇದ್ದರು. ಅವರನ್ನು ಒರೆಗೆ ಹಚ್ಚುವ ಬಗೆ ‘ಡಿಡಖೆ’ ಎಂಬ ಚಿಕ್ಕ ಗ್ರಂಥದಲ್ಲಿ ದೊರೆಯುತ್ತದೆ. ಬಹುಕಾಲ ಕಳೆದುಹೋಗಿದ್ದ ಈ ಗ್ರಂಥವನ್ನು ೧೮೭೩ರಲ್ಲಿ ಬ್ರಿಯೆನ್ನಿಯೋಸ್ ಎಂಬ ಗ್ರೀಕ್ ವಿದ್ವಾಂಸರು ಕಾನ್‌ಸ್ಟಾಂಟಿನೋಪಲಿನಲ್ಲಿ ಕಂಡುಹಿಡಿದು ೧೮೮೩ರಲ್ಲಿ ಅಚ್ಚು ಮಾಡಿಸಿದರು. ಬಂದ ಅಪೊಸ್ತಲನನ್ನು ಕರ್ತನಂತೆ ಬರಮಾಡಿಕೊಳ್ಳಬೇಕೆಂದು ಅದು ವಿಧಿಸುತ್ತದೆ. ಆದರೆ ಅವನು ಒಂದು ದಿನ, ಬೇಕಾದರೆ ಎರಡು ದಿನ ತಂಗಬಹುದು. ಮೂರು ದಿನ ತಂಗಿದರೆ ಸುಳ್ಳು ಪ್ರವಾದಿ. ಹೊರಡುವಾಗ ಮುಂದಿನ ಬಿಡಾರದವರೆಗೆ ಸಾಕಾಗುವಷ್ಟು ರೊಟ್ಟಿ ಪಡೆಯಬಹುದು. ಹಣ ಕೇಳಿದರೆ ಸುಳ್ಳು ಪ್ರವಾದಿ. ಓದು ಬರಹ ಬಾರದ ಹಳ್ಳಿಗನೂ ಬಳಸಬಹುದಾದ ಒರೆಗಲ್ಲು ಇದು!

ಅಲೆಯುವ ಬೋಧಕರ ಜಾಗಕ್ಕೆ ಊರಿನಲ್ಲಿ ನೆಲೆನಿಂತ ಬಿಷಪ್ಪರೂ ಹಿರಿಯರೂ ಬಂದರು. ಕ್ರಿ. ಶ. ೯೬ರ ಸುಮಾರಿನಲ್ಲಿ ರೋಮಿನ ಸಭೆ ಕೊರಿಂಥಕ್ಕೆ ಬರೆದ ಪತ್ರ ಕ್ಲೆಮೆಂತನ ಹೆಸರಿನಲ್ಲಿದೆ. ಅಪೊಸ್ತಲರು ನೇಮಿಸಿದ, ಸಭೆಯೆಲ್ಲ ಒಪ್ಪಿದ, ದೋಷವಿಲ್ಲದೆ ಸೇವೆ ಮಾಡಿದ ಹಿರಿಯರನ್ನು ತೆಗೆದುಹಾಕುವುದು ಅನ್ಯಾಯವೆಂದು ಅದರ ವಾದ. ಎರಡನೆಯ ಶತಮಾನದ ಆದಿಭಾಗದಲ್ಲಿ ಅಂತಿಯೋಕ್ಯದ ಬಿಷಪ್ ಇಗ್ನಾತಿಯನು ಬಿಷಪ್ಪನಿಲ್ಲದೆ ಏನನ್ನೂ ಮಾಡಬೇಡಿರೆಂದು ಸಭೆಗಳಿಗೆ ಒತ್ತಿ ಬರೆದನು. ಅಂಥವನೂ ರೋಮಿನವರಿಗೆ ಬರೆಯುವಾಗ, ಪೇತ್ರ ಪೌಲರಂತೆ ನಿಮಗೆ ಆಜ್ಞಾಪಿಸುತ್ತಿಲ್ಲ, ಅವರು ಅಪೊಸ್ತಲರು ಎಂದು ತನಗೂ ಅವರಿಗೂ ಇದ್ದ ಅಂತರವನ್ನು ಒಪ್ಪಿಕೊಂಡನು. ಕ್ರಿ. ಶ. ೧೮೦ರ ಸುಮಾರಿನಲ್ಲಿ ಲಿಯೋನಿನ ಬಿಷಪ್ ಐರೇನಿಯಸನು ರೋಮಿನ ಬಿಷಪ್ಪರ ಪಟ್ಟಿಯನ್ನು ಕೊಡುತ್ತಾನೆ. ಅಪೊಸ್ತಲರು ಗುಟ್ಟಾಗಿ ಉಪದೇಶಿಸಿದ ವಿದ್ಯೆ ತಮ್ಮಲ್ಲಿದೆ ಎನ್ನುತ್ತಿದ್ದ ಜ್ಞಾನವಾದಿಗಳಿಗೆ ಅದು ಉತ್ತರ. ಗುಟ್ಟಿದ್ದರೆ ಅಪೊಸ್ತಲರು ಸಭೆಯನ್ನು ಒಪ್ಪಿಸಿದವರಿಗೇ ಹೇಳುತ್ತಿದ್ದರಲ್ಲವೆ ಎಂಬುದು ಅವನ ತರ್ಕ. ಅಂದರೆ ಪರಂಪರೆಯ ಪಟ್ಟಿ ಹುಟ್ಟಿದ್ದು ಬೋಧನೆ ಬಹಿರಂಗವಾಗಿರಲಿ, ಯಾರಾದರೂ ಪರೀಕ್ಷಿಸಲಿ ಎಂಬುದಕ್ಕಾಗಿ.

ಅಪೊಸ್ತಲರ ಹೆಸರಿನ ಗ್ರಂಥಗಳನ್ನೂ ಹೀಗೆಯೇ ಒರೆಗೆ ಹಚ್ಚಿದರು. ಎರಡನೆಯ ಶತಮಾನದ ಕೊನೆಯ ಸುಮಾರಿನಲ್ಲಿ ಅಂತಿಯೋಕ್ಯದ ಬಿಷಪ್ ಸೆರಾಪಿಯೋನನು ಪೇತ್ರನ ಹೆಸರಿನ ಒಂದು ಸುವಾರ್ತೆಯನ್ನು ರೋಸಸ್ ಎಂಬ ಊರಿನಲ್ಲಿ ಓದಲು ಮೊದಲು ಅನುಮತಿ ಕೊಟ್ಟು, ತಾನೇ ಓದಿ ನೋಡಿದ ಮೇಲೆ ಹಿಂತೆಗೆದುಕೊಂಡನು. ಪೇತ್ರನನ್ನು ಕ್ರಿಸ್ತನಂತೆ ಅಂಗೀಕರಿಸುತ್ತೇವೆ, ಆದರೆ ಅವನ ಹೆಸರನ್ನು ಸುಳ್ಳಾಗಿ ಹೊತ್ತ ಬರಹವನ್ನು ತಳ್ಳಿಬಿಡುತ್ತೇವೆ ಎಂಬುದು ಅವನ ನಿಲುವು. ಪೌಲನ ಮೇಲಿನ ಪ್ರೀತಿಯಿಂದ ಅವನ ಹೆಸರಿನಲ್ಲಿ ಕಥೆ ಕಟ್ಟಿದ ಒಬ್ಬ ಹಿರಿಯನು ತನ್ನ ಪದವಿಯನ್ನು ಕಳೆದುಕೊಂಡನೆಂದು ತೆರ್ತುಲ್ಲಿಯನನು ತಿಳಿಸುತ್ತಾನೆ. ಅಲೆಕ್ಸಾಂಡ್ರಿಯದ ಅಥನಾಸಿಯನು ೩೬೭ರ ತನ್ನ ಪತ್ರದಲ್ಲಿ ಇಂದಿನ ಹೊಸ ಒಡಂಬಡಿಕೆಯ ೨೭ ಗ್ರಂಥಗಳನ್ನೇ ಎಣಿಸಿದನು. ಬಿಷಪ್ಪನ ಪೀಠ ಮತ್ತು ಗ್ರಂಥ, ಅಪೊಸ್ತಲರ ಅಧಿಕಾರ ಈ ಎರಡು ಕಾಲುವೆಗಳಲ್ಲಿ ಮುಂದೆ ಹರಿಯಿತು. ಎರಡರಲ್ಲಿ ಯಾವುದು ಯಾವುದನ್ನು ಅಳೆಯಬೇಕು ಎಂಬುದೇ ಮುಂದಿನ ಕಲಹಗಳ ಬೀಜ.

೬. ಯೂರೋಪಿನಲ್ಲಿ ನಡೆದ ವಾದ

ಅಂತಿಯೋಕ್ಯದ ಜಗಳ ನಂತರದವರಿಗೆ ಬಹಳ ಮುಜುಗರ ಕೊಟ್ಟಿತು. ಇಬ್ಬರು ಮಹಾಪುರುಷರು ಪಾಠ ಕಲಿಸುವುದಕ್ಕಾಗಿ ಆಡಿದ ನಾಟಕವದು ಎಂದು ಜೆರೋಮನು ಸಮಾಧಾನ ಹೇಳಿದನು. ಅಗಸ್ಟೀನನು ಒಪ್ಪಲಿಲ್ಲ. ಪವಿತ್ರಗ್ರಂಥದಲ್ಲಿ ಪೌಲನು ಸುಳ್ಳು ಬರೆದನೆಂದಾದರೆ ಯಾವ ಮಾತನ್ನು ನಂಬುವುದು? ಪೇತ್ರನು ನಿಜವಾಗಿ ತಪ್ಪಿದನು, ತಿದ್ದಿದಾಗ ವಿನಯದಿಂದ ತಿದ್ದಿಕೊಂಡನು ಎಂದುಕೊಳ್ಳುವುದೇ ಮೇಲು ಎಂದು ಅವನು ವಾದಿಸಿದನು. ನಾಲ್ಕನೆಯ ಶತಮಾನದ ಕೊನೆಯಲ್ಲಿಯೂ ಐದನೆಯದರ ಆದಿಯಲ್ಲಿಯೂ ಇವರಿಬ್ಬರ ನಡುವೆ ಈ ಬಗ್ಗೆ ಪತ್ರವ್ಯವಹಾರ ನಡೆಯಿತು. ಹದಿಮೂರನೆಯ ಶತಮಾನದ ಥಾಮಸ್ ಅಕ್ವಿನಾಸನು, ಧರ್ಮಕ್ಕೆ ಅಪಾಯವೊದಗಿದಾಗ ಕೆಳಗಿನವರು ಮೇಲಿನವರನ್ನು ಬಹಿರಂಗವಾಗಿಯೂ ತಿದ್ದಬಹುದೆಂಬುದಕ್ಕೆ ಇದೇ ಪ್ರಸಂಗವನ್ನು ಉದಾಹರಿಸಿದನು.

ಆ ಮಾತು ಪುಸ್ತಕದಲ್ಲಿಯೇ ಉಳಿಯಲಿಲ್ಲ. ೧೨೫೩ರಲ್ಲಿ ಪೋಪ್ ನಾಲ್ಕನೆಯ ಇನೊಸೆಂಟನು ಇಂಗ್ಲೆಂಡಿನ ಲಿಂಕನ್ ಪೀಠದ ದೊಡ್ಡ ದೇವಾಲಯದಲ್ಲಿ ಒಂದು ವರಮಾನದ ಹುದ್ದೆಯನ್ನು ತನ್ನ ಬಂಧುವಾದ ಒಬ್ಬ ತರುಣನಿಗೆ ಕೊಡಬೇಕೆಂದು ಅಪ್ಪಣೆ ಮಾಡಿದನು. ಲಿಂಕನ್ನಿನ ಬಿಷಪ್ ರಾಬರ್ಟ್ ಗ್ರೋಸ್‌ಟೆಸ್ಟನು ವಿದ್ವಾಂಸ, ವೃದ್ಧ, ಪೋಪನ ಅಧಿಕಾರವನ್ನು ಮನಃಪೂರ್ವಕವಾಗಿ ನಂಬಿದವನು. ಅವನು ಬರೆದ ಉತ್ತರ ಪ್ರಸಿದ್ಧವಾಗಿದೆ. ಅಪೊಸ್ತಲರ ಅಧಿಕಾರ ಕೊಡಲ್ಪಟ್ಟಿರುವುದು ಕಟ್ಟುವುದಕ್ಕಾಗಿ. ಜನರ ಆತ್ಮಗಳನ್ನು ಕಾಯದ ಕುರುಬನನ್ನು ನೇಮಿಸುವುದು ಕೆಡವುವ ಕೆಲಸ. ಆದುದರಿಂದ ಈ ಅಪ್ಪಣೆ ಅಪೊಸ್ತಲಪೀಠದಿಂದ ಹೊರಟದ್ದಾಗಿರಲಾರದು. ಮಗನಂತೆ ವಿಧೇಯನಾಗಿರುವ ಕಾರಣದಿಂದಲೇ ನಾನು ಇದನ್ನು ಪಾಲಿಸಲಾರೆ ಎಂಬುದು ಅದರ ಸಾರಾಂಶ. ಪೌಲನು ಹೇಳಿದ ನಾಲ್ಕನೆಯ ಮಿತಿಯೇ ಸಾವಿರದ ಇನ್ನೂರು ವರ್ಷಗಳ ಮೇಲೆ ಮತ್ತೆ ಬಾಯಿ ತೆರೆಯಿತು. ಆ ವರ್ಷವೇ ಗ್ರೋಸ್‌ಟೆಸ್ಟನು ತೀರಿಕೊಂಡನು.

ಹದಿನಾರನೆಯ ಶತಮಾನದಲ್ಲಿ ಲೂಥರನು ಮೊದಲನೆಯ ಮಿತಿಯನ್ನು ಹಿಡಿದು ಇನ್ನೂ ಮುಂದೆ ಹೋದನು. ಕ್ರಿಸ್ತನನ್ನು ಸಾರದಿದ್ದರೆ ಪೇತ್ರನೋ ಪೌಲನೋ ಹೇಳಿದರೂ ಅದು ಅಪೊಸ್ತಲಿಕವಲ್ಲ. ಸಾರಿದರೆ ಯೂದನು ಹೇಳಿದರೂ ಅಪೊಸ್ತಲಿಕ ಎಂಬ ಅರ್ಥದಲ್ಲಿ ೧೫೨೨ರಲ್ಲಿ ಅವನು ಬರೆದನು. ರೋಮಿನ ಪಕ್ಷವು ಪೇತ್ರನ ಉತ್ತರಾಧಿಕಾರಿಗೆ ಒಪ್ಪಿಸಿದ ಅಧಿಕಾರವನ್ನು ಇನ್ನಷ್ಟು ಬಿಗಿಯಾಗಿ ಹಿಡಿಯಿತು. ೧೮೭೦ನೆಯ ಜುಲೈ ೧೮ರಂದು ಮೊದಲನೆಯ ವ್ಯಾಟಿಕನ್ ಪರಿಷತ್ತು, ಪೀಠದಿಂದ ವಿಧ್ಯುಕ್ತವಾಗಿ ತೀರ್ಪು ಕೊಡುವ ಪೋಪನಿಗೆ ಸ್ಖಲನವಿಲ್ಲವೆಂದು ಘೋಷಿಸಿತು. ಅಧಿಕಾರದ ತುತ್ತತುದಿಯಾದ ಆ ಘೋಷಣೆಯಲ್ಲಿಯೂ ಒಂದು ಕಟ್ಟು ಇದೆ: ಪವಿತ್ರಾತ್ಮನ ಸಹಾಯ ಹೊಸ ಬೋಧನೆಯನ್ನು ಪ್ರಕಟಿಸುವುದಕ್ಕಲ್ಲ, ಅಪೊಸ್ತಲರಿಂದ ಬಂದುದನ್ನು ಕಾಯುವುದಕ್ಕೆ. ೧೯೬೫ರಲ್ಲಿ ಎರಡನೆಯ ವ್ಯಾಟಿಕನ್ ಪರಿಷತ್ತು, ಸಭೆಯ ಬೋಧನಾಧಿಕಾರ ದೇವರ ವಾಕ್ಯಕ್ಕೆ ಮೇಲಿನದಲ್ಲ, ಅದಕ್ಕೆ ಸೇವಕ ಎಂದು ಸ್ಪಷ್ಟಪಡಿಸಿತು. ಎರಡು ಪಕ್ಷಗಳ ನಡುವೆ ಅಂತರ ಇನ್ನೂ ದೊಡ್ಡದೇ. ಓಲೆಯನ್ನು ತಿದ್ದುವ ಹಕ್ಕು ತನಗಿದೆಯೆಂದು ಮಾತ್ರ ಎರಡೂ ಹೇಳುವುದಿಲ್ಲ. ಓಲೆಯನ್ನು ಓದಿ ಅರ್ಥ ಹೇಳುವವರು ಯಾರು ಎಂಬಲ್ಲಿ ಅವು ಬೇರೆಯಾಗುತ್ತವೆ.

೭. ದಕ್ಷಿಣ ಭಾರತದ ಎರಡು ಪ್ರಸಂಗಗಳು

ಈ ಪ್ರಶ್ನೆ ನಮ್ಮ ನೆರೆಯಲ್ಲಿಯೂ ಎದ್ದಿದೆ. ತಮ್ಮ ಸಭೆಯನ್ನು ಅಪೊಸ್ತಲ ತೋಮನೇ ಸ್ಥಾಪಿಸಿದನೆಂದು ಕೇರಳದ ಸುರಿಯಾನಿ ಕ್ರೈಸ್ತರ ಸಂಪ್ರದಾಯ. ಪೋರ್ಚುಗೀಸರ ಬೆಂಬಲದಿಂದ ತಮ್ಮ ಮೇಲೆ ಹೇರಿದ ಆಡಳಿತವನ್ನು ಒಲ್ಲದೆ ೧೬೫೩ರ ಜನವರಿ ೩ರಂದು ಅವರು ಮಟ್ಟಾಂಚೇರಿಯಲ್ಲಿ ಪ್ರತಿಜ್ಞೆ ಮಾಡಿದರು. ಅವರಲ್ಲಿ ಆಗ ಬಿಷಪ್ಪರಿರಲಿಲ್ಲ. ಅದೇ ವರ್ಷ ಹನ್ನೆರಡು ಮಂದಿ ಪಾದ್ರಿಗಳು ತಮ್ಮ ಮುಖ್ಯಸ್ಥನಾದ ಥಾಮಸನ ತಲೆಯ ಮೇಲೆ ಕೈಯಿಟ್ಟು ಅವನನ್ನು ಬಿಷಪ್ಪನನ್ನಾಗಿ ಮಾಡಿಕೊಂಡರು. ಬಿಷಪ್ಪನಿಲ್ಲದೆ ಬಿಷಪ್ಪನಾಗುವುದು ಹೇಗೆ? ಈ ಸಂಶಯದಿಂದ ಅನೇಕರು ರೋಮಿನ ಕಡೆಗೆ ಮರಳಿದರು. ೧೬೬೫ರಲ್ಲಿ ಪಶ್ಚಿಮ ಏಷ್ಯದಿಂದ ಬಿಷಪ್ ಮಾರ್ ಗ್ರೆಗೋರಿಯೋಸರು ಬಂದುದರಿಂದ ಆ ಕೊರತೆ ನೀಗಿತೆಂದು ಉಳಿದವರು ಎಣಿಸಿದರು.

ಇನ್ನೊಂದು ಪ್ರಸಂಗಕ್ಕೆ ಕರ್ನಾಟಕವೂ ಪಾಲುದಾರ. ೧೯೧೯ರಲ್ಲಿ ತರಂಗಂಬಾಡಿಯಲ್ಲಿ ಆರಂಭವಾದ ಮಾತುಕತೆ ೨೮ ವರ್ಷ ನಡೆದು, ೧೯೪೭ನೆಯ ಸೆಪ್ಟೆಂಬರ್ ೨೭ರಂದು ಮದರಾಸಿನಲ್ಲಿ ದಕ್ಷಿಣ ಭಾರತ ಸಭೆ ಉದಯಿಸಿತು. ಬಿಷಪ್ಪರನ್ನುಳ್ಳ ಆಂಗ್ಲಿಕನರೂ ಬಿಷಪ್ಪರಿಲ್ಲದ ಮೆಥಡಿಸ್ಟ್ ಮೊದಲಾದವರೂ ಅದರಲ್ಲಿ ಒಂದಾದರು. ಮೈಸೂರು ಸೀಮೆಯ ಮೆಥಡಿಸ್ಟರೂ ಅದರಲ್ಲಿ ಸೇರಿದರು. ಅಪೊಸ್ತಲರಿಂದ ಕೈಯಿಂದ ಕೈಗೆ ಬಂದ ಪರಂಪರೆಯಿಲ್ಲದ ಪಾದ್ರಿಗಳು ನಿಜವಾದ ಪಾದ್ರಿಗಳೆ ಎಂಬುದೇ ದೊಡ್ಡ ತೊಡಕಾಗಿತ್ತು. ಕೊನೆಗೆ, ಹಳೆಯ ಪಾದ್ರಿಗಳಿಗೆ ಮತ್ತೆ ದೀಕ್ಷೆ ಬೇಡ, ಅವರ ಸೇವೆಯನ್ನು ದೇವರು ಆಗಲೇ ಒಪ್ಪಿದ್ದಾನೆ. ಮುಂದಿನವರೆ‌ಲ್ಲರಿಗೂ ಬಿಷಪ್ಪರೇ ದೀಕ್ಷೆ ಕೊಡಲಿ ಎಂದು ನಿಶ್ಚಯವಾಯಿತು. ಪೌಲನು ಕೊರಿಂಥದವರಿಗೆ ತೋರಿಸಿದ ಮುದ್ರೆಯನ್ನೂ ಐರೇನಿಯಸನ ಪಟ್ಟಿಯನ್ನೂ ಒಟ್ಟಿಗೆ ಇಟ್ಟುಕೊಂಡ ತೀರ್ಮಾನ ಇದು.

೮. ಉಪಸಂಹಾರ

ಇಲ್ಲಿ ಒಂದು ಆಕ್ಷೇಪ ಏಳಬಹುದು. ಕೇಳುವವರೇ ಅಳೆದು ನೋಡಬಹುದಾದರೆ ಅದು ಅಧಿಕಾರವಾದರೂ ಹೇಗಾದೀತು? ಎಲ್ಲರೂ ತಮಗೆ ತೋರಿದಂತೆ ನಡೆಯಬಹುದಲ್ಲವೆ? ಈ ಭಯ ನಿರಾಧಾರವಾದುದಲ್ಲ; ಕ್ರೈಸ್ತಸಭೆ ನೂರಾರು ಶಾಖೆಗಳಾಗಿ ಒಡೆದಿರುವುದನ್ನು ಕಂಡವರಾರೂ ಇದನ್ನು ತಳ್ಳಿಹಾಕಲಾರರು. ಆದರೆ ಗಲಾತ್ಯದವರಿಗೆ ಪೌಲನು ಕೊಟ್ಟ ಅಳತೆಗೋಲು ಅವರವರ ಇಷ್ಟವಾಗಿರಲಿಲ್ಲ. ಮೊದಲು ಪಡೆದ ಸುವಾರ್ತೆಯಾಗಿತ್ತು. ಹೇಳುವವನನ್ನು ಕಟ್ಟಿದ ಓಲೆಯೇ ಕೇಳುವವನನ್ನೂ ಕಟ್ಟುತ್ತದೆ. ಗ್ರೋಸ್‌ಟೆಸ್ಟನು ಅಪ್ಪಣೆಯನ್ನು ಮೀರಿದ್ದು ಸ್ವಂತ ಅನುಕೂಲಕ್ಕಲ್ಲ. ತಾನೂ ಪೋಪನೂ ಸಮಾನವಾಗಿ ಅಧೀನರಾಗಿದ್ದ ಒಂದು ಉದ್ದೇಶಕ್ಕಾಗಿ.

ಕೊನೆಯದಾಗಿ ಒಂದು ಸಂಗತಿಯತ್ತ ವಾಚಕರ ಗಮನವನ್ನು ಸೆಳೆಯಬೇಕು. ಪೇತ್ರನನ್ನು ಅಪೊಸ್ತಲರಲ್ಲಿ ಮೊದಲಿಗನೆಂದು ಪೂಜ್ಯಭಾವದಿಂದ ಕಂಡ ಸಭೆಯೇ, ಪೇತ್ರನನ್ನು ಎಲ್ಲರ ಮುಂದೆ ಗದರಿಸಿದ ಪತ್ರವನ್ನು ಪವಿತ್ರಗ್ರಂಥದೊಳಗೆ ಸೇರಿಸಿತು. ರೋಮಿನಲ್ಲಿ ಪೇತ್ರನ ಸಮಾಧಿಯೆಂದು ನಂಬಿರುವ ಸ್ಥಳದ ಮೇಲೆ ಕಟ್ಟಿದ ದೇವಾಲಯದಲ್ಲಿಯೂ ಆ ಪತ್ರದ ಪಾರಾಯಣ ನಡೆಯುತ್ತದೆ. ಅದನ್ನು ಕೈಬಿಡುವುದು ಎಷ್ಟು ಸುಲಭವಾಗಿತ್ತು! ಹಲವಾರು ಪತ್ರಗಳು ಹಾಗೆ ಕಳೆದುಹೋಗಿವೆ; ಪೌಲನೇ ಹೆಸರಿಸುವ ಕೊರಿಂಥದ ಒಂದು ಪತ್ರ ನಮಗೆ ಉಳಿದಿಲ್ಲ. ಇದು ಉಳಿದಿದೆ. ತಲೆಮಾರುಗಳ ನಕಲುಕಾರರು ಅಂತಿಯೋಕ್ಯದ ಆ ಪಂಕ್ತಿಯ ಕಥೆಯನ್ನು ಮರೆಮಾಚದೆ ಮತ್ತೆ ಮತ್ತೆ ಬರೆದರು. ತನ್ನ ಹಿರಿಯನ ತಪ್ಪನ್ನು ತನ್ನ ಶಾಸ್ತ್ರದಲ್ಲಿಯೇ ಓದಿಕೊಳ್ಳುವ ಸಭೆಯು, ಅವನ ಅಧಿಕಾರವನ್ನೂ ಅದರ ಮಿತಿಯನ್ನೂ ಒಂದೇ ಉಸಿರಿನಲ್ಲಿ ಒಪ್ಪಿಕೊಂಡಂತಾಗಿದೆ.